ಐವತ್ತನೇ ದಿನದ ಗಿಣ್ಣು

(2025ರ ಜೂನ್ 1, ಭಾನುವಾರ. ನಂಜನಗೂಡು ತಾಲ್ಲೂಕಿನ ಕಳಲೆ. ಬೆಳಗಿನ ಜಾವ ನಾಲ್ಕೂವರೆ, ಮನೆಯ ಹಿತ್ತಿಲ ಜಗಲಿ. ಮಾತಾಡುವವರು ಇಬ್ಬರು. ಒಬ್ಬರು ಶಾಲಾ ಶಿಕ್ಷಕಿಯಾಗಿ ನಿವೃತ್ತರಾದ ಅತ್ತೆ. ಇನ್ನೊಬ್ಬಳು ಅವರ ಅಣ್ಣನ ಮಗಳು, ಸೋದರ ಸೊಸೆ. ಮೈಸೂರಿನಲ್ಲಿ ನರ್ಸಿಂಗ್ ಓದಿ, ಇಸ್ರೇಲಿನ ಹೈಫಾ ನಗರದಲ್ಲಿ ಆರು ವರ್ಷ ವೃದ್ಧೆಯೊಬ್ಬರ ಆರೈಕೆ ಮಾಡಿ ಊರಿಗೆ ಮರಳಿದವಳು.)

ಅತ್ತೆ: ಇಷ್ಟು ಹೊತ್ತಿಗೇ ದೀಪ ಹಾಕ್ಕೊಂಡು ಏನೇ ಮಾಡ್ತಿದ್ದೀಯ? ಕೋಳಿ ಕೂಡ ಇನ್ನೂ ಕೂಗಿಲ್ಲ.

ಸೊಸೆ: ಬೆಣ್ಣೆ ಕೆಲಸ ಅತ್ತೆ. ಬಿಸಿಲೇರಿದ ಮೇಲೆ ಆಗಲ್ಲ. 32–33 ಡಿಗ್ರಿ ಬಂದರೆ ಸಾಕು, ಬೆಣ್ಣೆ ಕೈಯಲ್ಲೇ ಕರಗುತ್ತೆ. ಮಧ್ಯಾಹ್ನ ನಮ್ಮ ಮನೆ ಅದಕ್ಕಿಂತ ಕಾದಿರುತ್ತೆ.

ಅತ್ತೆ: ರಾತ್ರಿ ಕಿಟಕಿ ಸರಳಿಗೆ ಮೊಸರಿನ ಗಂಟು ಕಟ್ಟಿದ್ದೆಯಲ್ಲ, ಶ್ರೀಖಂಡ ಮಾಡ್ತೀಯ ಅಂದುಕೊಂಡೆ.

ಸೊಸೆ: ಆ ಮೊಸರು ಒಳಗಿನ ಹೂರಣಕ್ಕೆ. ಇದು ಹೊರಗಿನ ಕಣಕಕ್ಕೆ. ಇವತ್ತು ಸಂಜೆಯಿಂದ ಯೆಹೂದಿಗಳ ಶವುವೋತ್ ಹಬ್ಬ. ಹಾಲು, ಬೆಣ್ಣೆ, ಗಿಣ್ಣಿನ ಅಡುಗೆಯ ಹಬ್ಬ. ಹೈಫಾದ ಅಜ್ಜಿ ಇದ್ದಾಗ ಪ್ರತಿ ವರ್ಷ ಗಿಣ್ಣಿನ ಕೇಕ್ ಮಾಡ್ತಿದ್ದೆ. ಅವರು ಹೋದ ಮೇಲೆ ಒಂದು ಸಲವೂ ಮಾಡಿಲ್ಲ. ಮೊನ್ನೆ ಕಣಕಕ್ಕೆ ಮಡಿಕೆ ಎಷ್ಟು ಅಂತ ನೆನೆಸಿಕೊಳ್ಳೋಕೆ ಹೋದರೆ ಮೂರೋ ನಾಲ್ಕೋ ಅಂತ ಅನುಮಾನ ಬಂತು. ಕೈ ಮರೆಯೋದರೊಳಗೆ ಮಾಡಿಬಿಡೋಣ ಅಂತ.

ಅತ್ತೆ: ಕರು ಹಾಕಿದ ಮನೆಯವರು ಯಾರೂ ನಮಗೆ ಗಿಣ್ಣದ ಹಾಲು ಕೊಟ್ಟಿಲ್ಲವಲ್ಲೇ ಈ ತಿಂಗಳು!

ಸೊಸೆ: ನಮ್ಮ ಗಿಣ್ಣು ಬೇರೆ ಅತ್ತೆ. ಈದ ಹಸುವಿನ ಮೊದಲ ಎರಡು ಮೂರು ದಿನದ ಹಾಲು, ಹುಳಿ ಹಿಂಡದೇ ಬಿಸಿಗೆ ತಾನಾಗಿ ಗಟ್ಟಿಯಾಗುತ್ತೆ. ಅವರದು ಒಡೆಸಿದ ಹಾಲಿನದು, ಹೀಬ್ರೂನಲ್ಲಿ ಗ್ವಿನಾ ಅಂತಾರೆ. ಇಂಗ್ಲಿಷಿನ ಚೀಸ್‌ಗೆ ಕನ್ನಡದಲ್ಲಿ ಗಿಣ್ಣು ಅಂತ ಬರೆದವರು ಪುಣ್ಯವಂತರು. ಗಿಣ್ಣಿನ ಕೇಕ್ ಅಂದಾಗ ನನಗೆ ನಮ್ಮ ಇಡ್ಲಿ ಪಾತ್ರೆಯಲ್ಲಿ ಬೆಂದ ಗಿಣ್ಣೇ ಕಣ್ಣ ಮುಂದೆ ಬರ್ತಿತ್ತು. ಚಾಕು ಹಾಕಿದರೆ ನಡುಗಿ ನಿಲ್ಲೋದು ಎರಡೂ ಒಂದೇ ಥರ.

ಅತ್ತೆ: ಸಂಜೆಯಿಂದ ಹಬ್ಬ ಅಂದೆ. ಇವತ್ತು ಜ್ಯೇಷ್ಠ ಶುದ್ಧ ಷಷ್ಠಿ. ಅವರ ಲೆಕ್ಕದಲ್ಲಿ ಯಾವ ತಿಥಿ?

ಸೊಸೆ: ನೀವೇ ಕೇಳಿದಿರಿ ನೋಡಿ! ಅವರದೂ ಆರನೇ ದಿನ. ಸಿವಾನ್ ಅನ್ನೋ ಚಾಂದ್ರಮಾಸದ ಆರು. ಅವರಿಗೆ ದಿನ ಶುರುವಾಗೋದು ಸೂರ್ಯ ಮುಳುಗಿದ ಮೇಲೆ. ಅವರ ಪಾಸ್ಕ ಹಬ್ಬ ಶುರುವಾಗೋದು ಹುಣ್ಣಿಮೆಗೆ. ಈ ವರ್ಷ ಏಪ್ರಿಲ್ 12ರ ಸಂಜೆ ಬಂತು.

ಅತ್ತೆ: ಅವತ್ತು ಚೈತ್ರದ ಹುಣ್ಣಿಮೆ.

ಸೊಸೆ: ಹೌದು. ಅದರ ಮಾರನೇ ರಾತ್ರಿಯಿಂದ ದಿನ ಎಣಿಸೋಕೆ ಶುರು. ದಿನಾ ರಾತ್ರಿ ಬಾಯಿಬಿಟ್ಟು ಎಣಿಸಬೇಕು: ಇವತ್ತಿಗೆ ಇಷ್ಟು ದಿನ, ಅಂದರೆ ಇಷ್ಟು ವಾರ, ಇಷ್ಟು ದಿನ ಅಂತ. 49 ಎಣಿಸಿ, 50ನೇ ದಿನ ಶವುವೋತ್. ಆ ಮಾತಿಗೆ ವಾರಗಳು ಅಂತಲೇ ಅರ್ಥ. ಜವೆ ಕೊಯ್ಲಿಂದ ಗೋಧಿ ಕೊಯ್ಲಿನವರೆಗಿನ ಸುಗ್ಗಿಯ ಲೆಕ್ಕ ಅದು. ಜೆರುಸಲೇಮಿನಲ್ಲಿ ಅವರ ದೇಗುಲ ಇದ್ದ ಕಾಲದಲ್ಲಿ ಹೊಸ ಗೋಧಿಯ ಎರಡು ರೊಟ್ಟಿ ಅರ್ಪಿಸ್ತಿದ್ದರಂತೆ. ಅಜ್ಜಿ ಮಾತ್ರೆ ಮರೀತಿದ್ದರು, ನನ್ನ ಹೆಸರೂ ಒಮ್ಮೊಮ್ಮೆ ಮರೀತಿದ್ದರು. ಈ ಎಣಿಕೆ ಮಾತ್ರ ಒಂದು ರಾತ್ರಿಯೂ ತಪ್ಪಿದ್ದು ನಾನು ಕಾಣೆ.

ಅತ್ತೆ: ಚಂದ್ರನ ಲೆಕ್ಕ ಆದರೆ ಸುಗ್ಗಿ ಜೊತೆ ಹೇಗೆ ಕೂಡುತ್ತೆ? ಮೂರು ವರ್ಷಕ್ಕೆ ಒಂದು ತಿಂಗಳು ಹಿಂದಕ್ಕೆ ಹೋಗಲ್ಲವಾ?

ಸೊಸೆ: ಅವರಿಗೂ ಅಧಿಕ ಮಾಸ ಇದೆ. 19 ವರ್ಷಕ್ಕೆ ಏಳು ಸಲ. ಅದಕ್ಕೇ ಅವರ ಹಬ್ಬಗಳು ನಮ್ಮ ತಿಥಿಗಳನ್ನು ಬಿಟ್ಟು ಬಹಳ ದೂರ ಹೋಗಲ್ಲ.

ಅತ್ತೆ: ಸರಿ, ಬೆಣ್ಣೆ ತೋರಿಸು. ಅಂಗಡಿ ಬೆಣ್ಣೆ ತಂದಿದ್ದೀಯ. ಕಡೆದ ಬೆಣ್ಣೆ ಇತ್ತಲ್ಲ ಮನೇಲಿ?

ಸೊಸೆ: ಕಡೆದ ಬೆಣ್ಣೆಯಲ್ಲಿ ನೀರು ಒಂದು ದಿನ ಇದ್ದ ಹಾಗೆ ಇನ್ನೊಂದು ದಿನ ಇರಲ್ಲ. ಇದರಲ್ಲಿ ನೂರಕ್ಕೆ 16ರಷ್ಟು ನೀರು ಅನ್ನೋದು ಗೊತ್ತಿರುತ್ತೆ. ಆ ನೀರೇ ಇಲ್ಲಿ ಕೆಲಸ ಮಾಡೋದು. ಮೈದಾ 250 ಗ್ರಾಂ, ಒಂದು ಚಿಟಿಕೆ ಉಪ್ಪು, ಒಂದು ಚಮಚ ನಿಂಬೆರಸ, ತಣ್ಣೀರು ಹಿಡಿದಷ್ಟು. ಚಪಾತಿಗಿಂತ ಸ್ವಲ್ಪ ಗಟ್ಟಿ ಕಣಕ. 200 ಗ್ರಾಂ ಬೆಣ್ಣೆಯನ್ನು ಎರಡು ಪ್ಲಾಸ್ಟಿಕ್ ಹಾಳೆ ನಡುವೆ ಇಟ್ಟು ಲಟ್ಟಣಿಗೆಯಲ್ಲಿ ತಟ್ಟಿ ಬಿಲ್ಲೆ ಮಾಡಿ, ಫ್ರಿಜ್ಜಲ್ಲಿ ಇಟ್ಟಿದ್ದೆ. ಈಗ ಕಣಕದೊಳಗೆ ಅದನ್ನಿಟ್ಟು ಲಕೋಟೆ ಥರ ಮುಚ್ಚಿ, ಉದ್ದಕ್ಕೆ ಲಟ್ಟಿಸಿ, ಕಾಗದ ಮಡಚಿದ ಹಾಗೆ ಮೂರು ಮಡಿಕೆ. ಅರ್ಧ ಗಂಟೆ ತಣ್ಣಗೆ ಬಿಡೋದು. ತಿರುಗಿಸಿ ಮತ್ತೆ ಲಟ್ಟಿಸಿ ಮೂರು ಮಡಿಕೆ. ಹೀಗೆ ನಾಲ್ಕು ಸಲ.

ಅತ್ತೆ: ಮೂರು, ಒಂಬತ್ತು, ಇಪ್ಪತ್ತೇಳು, ಎಂಬತ್ತೊಂದು. ಎಂಬತ್ತೊಂದು ಪದರ.

ಸೊಸೆ: ಬೇಕರಿಯವರು ಆರು ಸಲ ಮಡಚ್ತಾರೆ, 729. ಮನೆಗೆ ನಾಲ್ಕು ಸಾಕು ಅಂತಿದ್ದರು ಅಜ್ಜಿ. ಹೀಬ್ರೂನಲ್ಲಿ ಇದಕ್ಕೆ ಬತ್ಸೆಕ್ ಅಲೀಮ್ ಅಂತ ಹೆಸರು. ಬತ್ಸೆಕ್ ಅಂದರೆ ಕಣಕ, ಅಲೀಮ್ ಅಂದರೆ ಎಲೆಗಳು. ಎಲೆ ಕಣಕ.

ಅತ್ತೆ: ಇದು ಚಿರೋಟಿ ಕಣೇ!

ಸೊಸೆ: ಚಿರೋಟಿಯೇ. ಮೊದಲ ವರ್ಷ ಅಜ್ಜಿ ಕುರ್ಚಿಯಲ್ಲಿ ಕೂತು ಹೇಳ್ತಿದ್ದರು, ನಾನು ಮಾಡ್ತಿದ್ದೆ. ಅವರ ಬೆರಳು ಸಂಧಿವಾತಕ್ಕೆ ಮಡಚಿಹೋಗಿದ್ದವು, ಲಟ್ಟಣಿಗೆ ಹಿಡಿಯೋಕೆ ಆಗ್ತಿರಲಿಲ್ಲ. ನಾನು ಲಟ್ಟಿಸಿದ್ದು ನೋಡಿ, ಯಾರು ಕಲಿಸಿದರು ಅಂದರು. ನಮ್ಮತ್ತೆ ಅಂದೆ. ಅವರಿಗೆ ಚಿರೋಟಿ ಅಂದರೇನು ಅಂತ ವಿವರಿಸೋಕೆ ನನ್ನ ಹೀಬ್ರೂ ಸಾಲಲಿಲ್ಲ.

ಅತ್ತೆ: ನಾವು ಇಷ್ಟು ಬೆಣ್ಣೆ ಹಾಕಲ್ಲ. ತುಪ್ಪಕ್ಕೆ ಅಕ್ಕಿಹಿಟ್ಟು ಹಾಕಿ ಬೆಳ್ಳಗೆ ನೊರೆ ಬರೋ ಹಾಗೆ ತಿಕ್ಕಿದರೆ ಸಾಟಿ. ಹಾಳೆ ಥರ ಲಟ್ಟಿಸಿದ ಒಂದೊಂದರ ಮೇಲೂ ಸಾಟಿ ಸವರಿ, ಒಂದರ ಮೇಲೊಂದು ಇಟ್ಟು, ಸುರುಳಿ ಸುತ್ತಿ ಕತ್ತರಿಸಿ, ಮೆತ್ತಗೆ ಒತ್ತಿ, ಸಣ್ಣ ಉರೀಲಿ ಕರಿಯೋದು. ಕರಿಯುವಾಗ ಸೌಟಲ್ಲಿ ಮೇಲೆ ಎಣ್ಣೆ ಎರಚ್ತಾ ಇರಬೇಕು, ಆಗ ಹೂವಿನ ಹಾಗೆ ಬಿಚ್ಚಿಕೊಳ್ಳುತ್ತೆ. ಸಾಟಿಗೆ ಯಾಕೆ ಅಕ್ಕಿಹಿಟ್ಟು ಗೊತ್ತಾ? ಬರೀ ತುಪ್ಪ ಆದರೆ ಹಿಟ್ಟು ಕುಡಿದುಬಿಡುತ್ತೆ. ಅಕ್ಕಿಹಿಟ್ಟು ತುಪ್ಪವನ್ನು ಹಿಡಿದು ನಿಲ್ಲಿಸುತ್ತೆ.

ಸೊಸೆ: ವ್ಯತ್ಯಾಸ ಅಲ್ಲೇ ಇರೋದು. ತುಪ್ಪದಲ್ಲಿ ನೀರಿಲ್ಲ, ಅದು ಪದರಗಳನ್ನು ಅಂಟದ ಹಾಗೆ ಬೇರೆ ಇಡುತ್ತೆ ಅಷ್ಟೆ. ಬಿಚ್ಚಿಸೋದು ಕಾದ ಎಣ್ಣೆ ಮತ್ತೆ ನಿಮ್ಮ ಸೌಟು. ಬೆಣ್ಣೆಯಲ್ಲಿರೋ ನೀರು, ಕಣಕದಲ್ಲಿರೋ ನೀರು ಎರಡೂ 200 ಡಿಗ್ರಿ ಒಲೆಯಲ್ಲಿ ಆವಿಯಾಗುತ್ತೆ. ಕರಗಿದ ಬೆಣ್ಣೆ ಹಿಟ್ಟಿನ ಪದರದ ಮೇಲೆ ಜಿಡ್ಡಿನ ಲೇಪ ಆಗಿರೋದರಿಂದ ಆವಿ ಸುಲಭಕ್ಕೆ ತೂರಿ ಹೋಗೋಕಾಗದೆ ಪದರವನ್ನೇ ಎತ್ತುತ್ತೆ. ಬೆಣ್ಣೆ ಮೊದಲೇ ಕರಗಿ ಹಿಟ್ಟಿಗೆ ಇಳಿದುಬಿಟ್ಟರೆ ಪದರವೇ ಇಲ್ಲ, ಬರೀ ಬಿಸ್ಕತ್ತು. ಅದಕ್ಕೇ ಈ ಬೆಳಗಿನ ಜಾವ.

ಅತ್ತೆ: ನಂಜನಗೂಡಿನ ಬೇಕರಿ ಪಫ್ಸು ಮಧ್ಯಾಹ್ನದ ಬಿಸಿಲಲ್ಲೂ ಮಾಡ್ತಾರಲ್ಲ?

ಸೊಸೆ: ಅದಕ್ಕೆ ಬೇಕರಿಗಳು ಸಾಮಾನ್ಯವಾಗಿ ಹಾಕೋದು ವನಸ್ಪತಿ, ಮಾರ್ಗರಿನ್. ಅದು ನಮ್ಮ ಬಿಸಿಲಿಗೂ ಅಷ್ಟು ಬೇಗ ಕರಗಲ್ಲ. ಯೆಹೂದಿಗಳ ಮನೇಲೂ ವರ್ಷದ ಬಹುಪಾಲು ದಿನ ಎಲೆ ಕಣಕ ಮಾರ್ಗರಿನ್ನಿನದೇ. ಕಾರಣ ಬೇರೆ. ಮಾಂಸದೂಟದ ಹತ್ತಿರ ಹಾಲು, ಬೆಣ್ಣೆ, ತುಪ್ಪ ಏನೂ ಸುಳಿಯೋ ಹಾಗಿಲ್ಲ.

(ಬೆಳಿಗ್ಗೆ ಎಂಟು ಗಂಟೆ. ಕಣಕ ನಾಲ್ಕನೇ ಸಲ ಫ್ರಿಜ್ಜು ಸೇರಿದೆ.)

ಅತ್ತೆ: ಓವನ್ನು ಹಿತ್ತಿಲಿಗೆ ತಂದು ಇಟ್ಟುಕೊಂಡಿದ್ದೀಯ. ನಾನು ಮೊಟ್ಟೆ ಒಳಗೆ ಬೇಡ ಅಂದಿದ್ದಕ್ಕೆ ಬೇಜಾರು ಮಾಡ್ಕೊಂಡೆಯಾ?

ಸೊಸೆ: ಇಲ್ಲ ಅತ್ತೆ, ಒಂದು ಕಾಳಿನಷ್ಟೂ ಇಲ್ಲ. ಆರು ವರ್ಷ ಇನ್ನೊಬ್ಬರ ಅಡುಗೆಮನೆಯ ನಿಯಮ ಪಾಲಿಸಿದವಳು ನಾನು. ಅಜ್ಜಿ ಮನೇಲಿ ಎರಡು ಸಿಂಕು. ಒಂದು ಹಾಲಿನದು, ಒಂದು ಮಾಂಸದ್ದು. ತಟ್ಟೆ, ಚಮಚ, ಬಾಣಲೆ, ಒರೆಸೋ ಬಟ್ಟೆ ಎಲ್ಲ ಎರಡೆರಡು. ನೀಲಿ ಗುರುತಿನದು ಹಾಲಿಗೆ, ಕೆಂಪು ಗುರುತಿನದು ಮಾಂಸಕ್ಕೆ. ಎರಡೂ ಅಲ್ಲದ್ದಕ್ಕೆ ಪರ್ವೆ ಅಂತ ಮೂರನೇ ಹೆಸರು: ಧಾನ್ಯ, ತರಕಾರಿ, ಹಣ್ಣು, ಮೊಟ್ಟೆ, ಮೀನು. ಮಾಂಸ ಉಂಡರೆ ಆರು ಗಂಟೆ ಹಾಲು ಮುಟ್ಟುತ್ತಿರಲಿಲ್ಲ ಅಜ್ಜಿ. ಹೋದ ಹೊಸದರಲ್ಲಿ ಒಂದು ದಿನ ನಾನು ಹಾಲಿನ ಚಮಚವನ್ನು ಬಿಸಿ ಮಾಂಸದ ಸಾರಿಗೆ ಹಾಕಿಬಿಟ್ಟೆ. ಅವರು ಬಯ್ಯಲಿಲ್ಲ. ಯಾರಿಗೋ ಫೋನ್ ಮಾಡಿ ಏನು ಮಾಡಬೇಕು ಅಂತ ಕೇಳಿದರು. ಚಮಚವನ್ನು ಕುದಿಯೋ ನೀರಲ್ಲಿ ಅದ್ದಿ ತೆಗೆಸಿದರು. ಆದರೆ ಆ ಸಾರು ಚೆಲ್ಲೋದು ನೋಡಿ ನನಗೆ ಅಳು ಬಂದುಬಿಡ್ತು.

ಅತ್ತೆ: ಗುಡಿ ಬೀದಿಯ ಅಜ್ಜಿಯರು ಮುಸುರೆ, ಮುಸುರೆ ಅಂತ ಹುಡುಗಿಯರನ್ನ ಗದರೋದು ಕೇಳ್ತಾ ಬೆಳೆದವಳು ನಾನು. ಅನ್ನದ ಪಾತ್ರೆ ಮುಟ್ಟಿದ ಕೈಯಲ್ಲಿ ಮಜ್ಜಿಗೆ ಪಾತ್ರೆ ಮುಟ್ಟೋ ಹಾಗಿರಲಿಲ್ಲ. ಹೊರಗಿನವರಿಗೆ ಅದು ವಿಚಿತ್ರ. ಒಳಗಿದ್ದವರಿಗೆ ಉಸಿರಾಟ. ಆದರೆ ಒಂದು ಹೇಳು. ನೀನು ಅವರ ಕುಲದವಳಲ್ಲ. ನೀನು ಬೇಯಿಸಿದ್ದು ಅವರು ಉಣ್ಣಬಹುದಾಗಿತ್ತಾ?

ಸೊಸೆ: ಪೂರ್ತಿ ನಾನೇ ಬೇಯಿಸಿದ್ದು ಅವರು ಉಣ್ಣೋ ಹಾಗಿರಲಿಲ್ಲ. ಬೇರೆಯವರು ಬೇಯಿಸಿದ ಅಡುಗೆ ಬಗ್ಗೆ ಅವರಿಗೆ ಹಳೇ ನಿಯಮ ಇದೆ. ಆದರೆ ಯೂರೋಪಿನಿಂದ ಬಂದ ಯೆಹೂದಿಗಳ ಪದ್ಧತಿಯಲ್ಲಿ, ಅವರವರೇ ಒಲೆ ಹೊತ್ತಿಸಿದರೆ ಸಾಕು, ಮಿಕ್ಕ ಕೆಲಸ ಬೇರೆಯವರು ಮಾಡಬಹುದು. ಅದಕ್ಕೇ ದಿನಾ ಬೆಳಿಗ್ಗೆ ನಾನು ಅಜ್ಜಿಯ ಗಾಲಿಕುರ್ಚಿಯನ್ನು ಅಡುಗೆಮನೆಗೆ ತಳ್ಳಿಕೊಂಡು ಹೋಗ್ತಿದ್ದೆ. ಆ ಮಡಚಿಹೋದ ಬೆರಳಲ್ಲಿ ಒಲೆಯ ತಿರುಪು ತಿರುಗಿಸೋರು. ಕೊನೇ ವರ್ಷ ಬೆರಳಿಗೆ ಬಲವೇ ಇರಲಿಲ್ಲ, ಅವರು ತಿರುಗಿಸೋವರೆಗೆ ಐದು ನಿಮಿಷ ಆದರೂ ನಾನು ಕಾಯ್ತಿದ್ದೆ. ನನ್ನ ಕೈ ಮುಂದೆ ಹೋಗಬಾರದು. ಅವರ ಊಟದಲ್ಲಿ ಅವರ ಪಾಲು ಅಂತ ಉಳಿದಿದ್ದು ಅದೊಂದೇ.

ಅತ್ತೆ: ...

ಸೊಸೆ: ಮೊಟ್ಟೆ ಒಡೀತೀನಿ, ನೀವು ಆ ಕಡೆ ತಿರುಗಿ ಬೇಕಾದರೆ.

ಅತ್ತೆ: ಬೇಡ, ನೋಡ್ತೀನಿ. ಒಂದೊಂದನ್ನೇ ಯಾಕೆ ಗಾಜಿನ ಲೋಟಕ್ಕೆ ಹಾಕ್ತಿದ್ದೀಯ?

ಸೊಸೆ: ರಕ್ತದ ಚುಕ್ಕೆ ಇದೆಯಾ ನೋಡೋಕೆ. ಇದ್ದರೆ ಆ ಮೊಟ್ಟೆ ಬಿಸಾಡೋದು. ರಕ್ತ ಅವರಿಗೆ ನಿಷಿದ್ಧ. ಈಗ ಇಲ್ಲಿ ಯಾರೂ ಕೇಳೋರಿಲ್ಲ, ಆದರೂ ಅವರ ಹಬ್ಬದ ಅಡುಗೆ ಅಂತ ಕೈಗೆ ತಗೊಂಡ ಮೇಲೆ ಅವರ ಥರವೇ ಮಾಡಬೇಕು ಅನ್ಸುತ್ತೆ. ರುಚಿ ಮಾತ್ರ ತಗೊಂಡು ನಿಯಮ ಬಿಟ್ಟರೆ ನನಗೆ ಅಜ್ಜಿ ಮುಖ ನೆನಪಾಗಲ್ಲ.

ಅತ್ತೆ: ಹಾಲಿನದೇ ಹಬ್ಬ ಯಾಕಾಯಿತು ಅದು?

ಸೊಸೆ: ಹತ್ತು ಕಾರಣ ಹೇಳ್ತಾರೆ, ಒಂದಕ್ಕೊಂದು ಸಂಬಂಧ ಇಲ್ಲ. ಸಿನಾಯ್ ಬೆಟ್ಟದಲ್ಲಿ ಮೋಶೆಗೆ ಧರ್ಮಗ್ರಂಥ ಸಿಕ್ಕಿದ ದಿನ ಅದು. ಪ್ರಾಣಿಯನ್ನು ಹೇಗೆ ಕೊಯ್ಯಬೇಕು, ಏನು ತಿನ್ನಬೇಕು ಅನ್ನೋ ನಿಯಮ ಆಗ ತಾನೇ ಬಂತು. ಮನೆಯಲ್ಲಿದ್ದ ಮಾಂಸ, ಪಾತ್ರೆ ಎಲ್ಲ ನಿಯಮಕ್ಕೆ ಹೊರಗಾಯಿತು. ಅವತ್ತಿಗೆ ಹಾಲೊಂದೇ ಗತಿ ಅಂತ ಹಾಲು ಕುಡಿದರಂತೆ. ಇನ್ನೊಂದು, ಧರ್ಮವೇ ನಾಲಗೆ ಕೆಳಗಿನ ಜೇನು, ಹಾಲು ಇದ್ದ ಹಾಗೆ ಅಂತ. ಮೂರನೆಯದು ನಿಮಗೆ ಹಿಡಿಸುತ್ತೆ. ಹಾಲಿಗೆ ಅವರು ಹಲಾವ್ ಅಂತಾರೆ. ಅವರ ಒಂದೊಂದು ಅಕ್ಷರಕ್ಕೂ ಒಂದು ಸಂಖ್ಯೆ. ಹೆತ್ ಎಂಟು, ಲಾಮೆದ್ ಮೂವತ್ತು, ಬೆತ್ ಎರಡು. ಕೂಡಿದರೆ 40. ಮೋಶೆ ಬೆಟ್ಟದ ಮೇಲಿದ್ದದ್ದು 40 ದಿನ.

ಅತ್ತೆ: ನಮ್ಮ ಕಟಪಯಾದಿ! ಜಯ ಅಂದರೆ 18, ಭಾರತಕ್ಕೆ 18 ಪರ್ವ ಅಂತ ಮಕ್ಕಳಿಗೆ ಹೇಳಿಕೊಡ್ತಿದ್ದೆ.

ಸೊಸೆ: ಆ ರಾತ್ರಿ ಅವರೂ ಜಾಗರಣೆ ಮಾಡ್ತಾರೆ ಅತ್ತೆ. ಬೆಳಗಾಗೋವರೆಗೂ ಓದೋದು, ಚರ್ಚೆ. ಧರ್ಮ ಕೊಡೋ ಬೆಳಿಗ್ಗೆ ಜನ ಎಲ್ಲ ಮಲಗಿಬಿಟ್ಟಿದ್ದರಂತೆ, ಆ ತಪ್ಪು ತಿದ್ದಿಕೊಳ್ಳೋಕೆ ಎಚ್ಚರ ಇರೋದು. ನಂಜನಗೂಡಿನ ಶಿವರಾತ್ರಿ ಥರವೇ. ನಾವು ಉಪವಾಸ, ಅವರು ನಡುರಾತ್ರಿ ಕಾಫಿ ಜೊತೆ ಗಿಣ್ಣಿನ ಕೇಕ್. ಬೆಳಿಗ್ಗೆ ಒಂದು ಚಿಕ್ಕ ಪುಸ್ತಕ ಓದ್ತಾರೆ. ಅದು ಅತ್ತೆ ಸೊಸೆಯ ಕತೆ.

ಅತ್ತೆ: ಅತ್ತೆ ಸೊಸೆ ಜಗಳವಾ?

ಸೊಸೆ: ಜಗಳ ಅಲ್ಲ. ರೂತಳು ಮೋವಾಬ್ ಅನ್ನೋ ಬೇರೆ ನಾಡಿನವಳು, ಬೇರೆ ಕುಲದವಳು. ಗಂಡ ಸತ್ತ. ಅತ್ತೆ ನವೊಮಿಯ ಗಂಡನೂ, ಮಕ್ಕಳಿಬ್ಬರೂ ಸತ್ತರು. ಅತ್ತೆ ತನ್ನ ಊರು ಬೆತ್ಲೆಹೇಮಿಗೆ ಹೊರಟಾಗ, ನಿನ್ನ ತವರಿಗೆ ಹೋಗು ಅಂದರೂ ಸೊಸೆ ಕೇಳಲಿಲ್ಲ, ಹಿಂದೆ ಬಂದಳು. ಆಗ ಅಲ್ಲಿ ಜವೆ ಕೊಯ್ಲು. ಕೊಯ್ದ ಹೊಲದಲ್ಲಿ ಹಕ್ಕಲು ಆಯ್ದು ಅತ್ತೆಯನ್ನ ಸಾಕಿದಳು. ಆ ಹೊಲದ ಯಜಮಾನನನ್ನೇ ಮದುವೆಯಾದಳು. ಅವರ ದೊಡ್ಡ ಅರಸ ದಾವೀದ ಅವಳ ಮರಿಮಗ.

ಅತ್ತೆ: ಹಕ್ಕಲು ಆಯೋದು... ನಮ್ಮವ್ವ ಆಯ್ದಿದ್ದಾಳೆ, ಕೆರೆ ಕೆಳಗಿನ ಗದ್ದೇಲಿ. ಭತ್ತದ ತೆನೆ. ಮಡಿಲು ತುಂಬ ತರೋಳು.

ಸೊಸೆ: ಅಜ್ಜಿ ಅದನ್ನ ಪ್ರತಿ ವರ್ಷ ನನ್ನ ಕೈಲಿ ಪುಸ್ತಕ ಹಿಡಿಸಿಕೊಂಡು ಓದೋರು. ಹಕ್ಕಲಿನ ಭಾಗ ಬಂದಾಗ ನಿಲ್ಲಿಸಿ, ನನ್ನ ಕೈ ಮೇಲೆ ಕೈ ಇಟ್ಟು, ಮತ್ತೆ ಓದೋರು. ಏನೂ ಹೇಳ್ತಿರಲಿಲ್ಲ.

(ಮಧ್ಯಾಹ್ನ. ಮೋಡ ಕವಿದಿದೆ. ದುಂಡು ತಟ್ಟೆಗೆ ಹಾಸಿದ ಕಣಕವನ್ನು ಫೋರ್ಕಿನಿಂದ ಚುಚ್ಚಿ, ಕಾಗದ ಹರಡಿ, ಮೇಲೆ ಒಂದು ಸೇರು ಕಡಲೆಕಾಳು ಭಾರ ಹಾಕಿಟ್ಟಿದೆ.)

ಅತ್ತೆ: ಪದರ ಏಳಲಿ ಅಂತ ಇಷ್ಟು ಕಷ್ಟಪಟ್ಟೆ, ಈಗ ಕಡಲೆ ಹಾಕಿ ಅದುಮ್ತಿದ್ದೀಯ!

ಸೊಸೆ: ಅಡಿಭಾಗ ಉಬ್ಬಿಬಿಟ್ಟರೆ ಹೂರಣಕ್ಕೆ ಜಾಗ ಇಲ್ಲ. ಅಂಚು ಮಾತ್ರ ಏಳಬೇಕು. ಅಡಿ ಒಣಗಿ ಗರಿಯಾಗೋವರೆಗೆ ಬರೀ ಕಣಕ ಬೇಯಿಸಿ, ಕಡಲೆ ತೆಗೆದು, ಒಂದು ಹಿಡಿ ಚಿರೋಟಿ ರವೆ ಉದುರಿಸ್ತೀನಿ. ಹೂರಣದ ನೀರು ರವೆ ಕುಡಿಯಲಿ ಅಂತ. ಹೂರಣಕ್ಕೆ ಅರ್ಧ ಕೆಜಿ ಕಟ್ಟಿದ ಮೊಸರು, ನಿಂಬೆರಸಕ್ಕೆ ಒಡೆಸಿ ನುಣ್ಣಗೆ ರುಬ್ಬಿದ 200 ಗ್ರಾಂ ಪನೀರು, 150 ಗ್ರಾಂ ಸಕ್ಕರೆ, ಮೂರು ಮೊಟ್ಟೆ, ಎರಡು ಚಮಚ ರವೆ, ನಿಂಬೆಹಣ್ಣಿನ ಸಿಪ್ಪೆಯ ತುರಿ, ಒಣದ್ರಾಕ್ಷಿ. ಅಲ್ಲಿ ಗ್ವಿನಾ ಲೆವಾನಾ ಅಂತ ಬಿಳಿ ಗಿಣ್ಣು ಡಬ್ಬಿಯಲ್ಲಿ ಸಿಗುತ್ತೆ, ಜಿಡ್ಡಿನ ಲೆಕ್ಕದಲ್ಲಿ 5, 9 ಅಂತ ಬರೆದಿರುತ್ತೆ. ನಮ್ಮ ಕಟ್ಟಿದ ಮೊಸರು ಅದಕ್ಕಿಂತ ಹುಳಿ, ಪನೀರು ಅದಕ್ಕಿಂತ ಸಪ್ಪೆ. ಎರಡೂ ಸೇರಿದರೆ ಹತ್ತಿರ ಬರುತ್ತೆ.

ಅತ್ತೆ: ಏಲಕ್ಕಿ ಹಾಕಲ್ಲವಾ?

ಸೊಸೆ: ಹಾಕಲ್ಲ. ನಿಮ್ಮದಕ್ಕೆ ಹಾಕಿ.

ಅತ್ತೆ: ನನ್ನದಾ?

ಸೊಸೆ: ಮೊಟ್ಟೆ ಹಾಕದೆ ಸ್ವಲ್ಪ ತೆಗೆದಿಟ್ಟಿದ್ದೀನಿ. ಕಟ್ಟಿದ ಮೊಸರು, ಕಾಯಿಸಿ ಗಟ್ಟಿ ಮಾಡಿದ ಹಾಲು, ಸಕ್ಕರೆ. ಇಡ್ಲಿ ಪಾತ್ರೆಯಲ್ಲಿ ಗಿಣ್ಣು ಬೇಯಿಸಿದ ಹಾಗೆ ಹಬೆಯಲ್ಲಿ ಬೇಯಿಸಿ, ತಾನಾಗಿ ಕೂರುತ್ತೆ. ನಿಮ್ಮ ಒಲೆ, ನಿಮ್ಮ ಪಾತ್ರೆ. ಕೆಳಗೆ ಬೇಕಾದರೆ ಚಿರೋಟಿ ಇಟ್ಟುಕೊಳ್ಳಿ.

ಅತ್ತೆ: ಸಾಟಿಗೆ ತುಪ್ಪ ತೆಗೀತೀನಿ ಹಾಗಾದರೆ. ಅದು ಸರಿ, ನಿಮ್ಮ ಅಜ್ಜಿಗೆ ಈ ಎಲೆ ಕಣಕ ಎಲ್ಲಿಂದ ಬಂತು? ಹೈಫಾದವರೆಲ್ಲ ಹೀಗೇ ಮಾಡ್ತಾರಾ?

ಸೊಸೆ: ಇಲ್ಲ. ಬಹಳ ಜನ ಬಿಸ್ಕತ್ತಿನ ಪುಡಿ ಹಾಸಿ ಮಾಡ್ತಾರೆ, ಸುಲಭ. ಅಜ್ಜಿ ಹುಟ್ಟಿದ್ದು ಹಂಗೇರಿಯಲ್ಲಿ, 1930ರಲ್ಲಿ. ಅಲ್ಲಿಯ ಯೆಹೂದಿ ಮನೆಗಳಲ್ಲಿ ದೆಲ್ಕ್ಲಿ ಅಂತ ಮಾಡ್ತಾರೆ. ಚೌಕ ಕಣಕದ ನಡುವೆ ಗಿಣ್ಣು ಇಟ್ಟು ನಾಲ್ಕು ಮೂಲೆ ಮಡಚೋದು. ಅವರ ತಾಯಿ ಶವುವೋತ್‌ಗೆ ಅದನ್ನೇ ಮಾಡ್ತಿದ್ದರು. ವಯಸ್ಸಾದ ಮೇಲೆ ಮೂಲೆಗಳ ಗರಿ ಅಗಿಯೋಕಾಗಲ್ಲ ಅಂತ ದುಂಡು ತಟ್ಟೇಲಿ ಕೇಕಿನ ಥರ ಮಾಡಿಸಿಕೊಂಡರು. ಕಣಕ ಮಾತ್ರ ತಾಯಿಯದೇ ಇರಬೇಕು.

ಅತ್ತೆ: ತಾಯಿ?

ಸೊಸೆ: 1944ರ ಮೇ 15ರಿಂದ ಜುಲೈ 9ರವರೆಗೆ, ಎಂಟು ವಾರದೊಳಗೆ, ಹಂಗೇರಿಯಿಂದ 4 ಲಕ್ಷ 30 ಸಾವಿರಕ್ಕೂ ಹೆಚ್ಚು ಯೆಹೂದಿಗಳನ್ನ ರೈಲಿಗೆ ತುಂಬಿ ಕಳಿಸಿದರು. ಬಹುಪಾಲು ಜನರನ್ನ ಔಷ್ವಿಟ್ಸ್‌ಗೆ. ಆ ವರ್ಷ ಶವುವೋತ್ ಬಂದದ್ದು ಮೇ 28ಕ್ಕೆ. ಅಜ್ಜಿಗೆ ಹದಿನಾಲ್ಕು ವರ್ಷ. ತಾಯಿ ಗಾಡಿಯೊಳಗೂ ದಿನ ಎಣಿಸ್ತಿದ್ದರಂತೆ. ಎಷ್ಟರವರೆಗೆ ಎಣಿಸಿದರು ಅಂತ ಅಜ್ಜಿ ನನಗೆ ಹೇಳಲಿಲ್ಲ. ಇಳಿದ ಮೇಲೆ ತಾಯಿಯನ್ನು ಒಂದು ಸಾಲಿಗೆ, ಇವರನ್ನು ಇನ್ನೊಂದು ಸಾಲಿಗೆ ನಿಲ್ಲಿಸಿದರು.

ಅತ್ತೆ: ಸಾಕು ಬಿಡು ಮಗಳೇ.

ಸೊಸೆ: ಪಾಕದ ಚೀಟಿ, ಫೋಟೊ ಏನೂ ಉಳಿದಿರಲಿಲ್ಲ ಅತ್ತೆ. ನಾಲ್ಕು ಮಡಿಕೆ, ಪ್ರತಿ ಮಡಿಕೆಗೂ ತಿರುಗಿಸೋದು, ಅಂಚು ಹಸಿ ಕೈಯಲ್ಲಿ ಮುಟ್ಟಬಾರದು, ಇಷ್ಟು ಮಾತ್ರ ತಲೇಲಿತ್ತು. ಹುಡುಗಿಯಾಗಿದ್ದಾಗ ಪಕ್ಕದಲ್ಲಿ ನಿಂತು ನೋಡಿದ್ದು. ಅವರಿಗೆ ಮಕ್ಕಳಿಲ್ಲ. 2022ರಲ್ಲಿ ಹೋದರು. ಈಗ ಆ ಮಡಿಕೆ ಗೊತ್ತಿರೋ ಕೈ ನನ್ನದೊಂದೇ ಇರಬಹುದು. ಅದಕ್ಕೇ ಮೂರೋ ನಾಲ್ಕೋ ಅಂತ ಅನುಮಾನ ಬಂದಾಗ ನನಗೆ ಭಯ ಆಯ್ತು.

ಅತ್ತೆ: ನಾಲ್ಕು. ಬೆಳಿಗ್ಗೆ ನಾನೂ ಎಣಿಸಿದ್ದೀನಿ.

(ಅತ್ತೆ ಒಳಗೆ ಹೋಗಿ ಸಾಟಿಯ ಬಟ್ಟಲು ಹಿಡಿದು ಮರಳಿ ಬಂದು ಕೂರುತ್ತಾರೆ.)

ಅತ್ತೆ: ನಮ್ಮ ಕಡೆ ಯೆಹೂದಿಗಳು ಇದ್ದರಾ? ಮೈಸೂರು ಸೀಮೇಲಿ?

ಸೊಸೆ: ಬೆಂಗಳೂರಲ್ಲಿ ಕೆಲವೇ ಮನೆ. ಕಮರ್ಷಿಯಲ್ ಸ್ಟ್ರೀಟಲ್ಲಿ ರೂಬಿನ್ ಮೋಸೆಸ್ ಅನ್ನೋರ ಪಾದರಕ್ಷೆ ಅಂಗಡಿ ಹೆಸರಾಗಿತ್ತು. ಮೈಸೂರು ರಸ್ತೇಲಿ ಅವರ ಸ್ಮಶಾನ ಇದೆ, 1904ರಲ್ಲಿ ನಾಲ್ವಡಿಯವರ ಕಾಲದಲ್ಲಿ ಕೊಟ್ಟ ಜಾಗ. ಹಿಟ್ಲರನ ಜರ್ಮನಿ ಬಿಟ್ಟ ಓಟೊ ಕೋನಿಗ್ಸ್‌ಬರ್ಗರ್ 1939ರಲ್ಲಿ ಮೈಸೂರು ಸಂಸ್ಥಾನದ ವಾಸ್ತುಶಿಲ್ಪಿಯಾಗಿ ಬಂದರು. ಟಾಟಾ ಇನ್‌ಸ್ಟಿಟ್ಯೂಟಲ್ಲಿ ಅವರು ಕಟ್ಟಿಸಿದ ಕಟ್ಟಡಗಳು ಇನ್ನೂ ಇವೆ. ಕೊಂಕಣ ತೀರದ ಬೆನೆ ಇಸ್ರೇಲಿಗಳು ಇನ್ನೂ ಹಳಬರು. ಅವರು ಹೊಸ ವರ್ಷಕ್ಕೆ ಗೋಧಿ ಹಾಲಿನ ಹಲ್ವ ಮಾಡ್ತಾರೆ, ಹಸುವಿನ ಹಾಲಿನ ಬದಲು ತೆಂಗಿನ ಹಾಲು ಹಾಕಿ.

ಅತ್ತೆ: ಮಾಂಸದೂಟದ ಜೊತೆ ಬಡಿಸಬಹುದು ಅಂತ.

ಸೊಸೆ: ಅಷ್ಟೇ! ನಿಮಗೆ ನಿಯಮ ಬಂದುಬಿಟ್ಟಿತು. ನಮ್ಮೋರೂ ಹೈಫಾಗೆ ಹೋಗಿದ್ದರು. 1918ರ ಸೆಪ್ಟೆಂಬರ್ 23ಕ್ಕೆ ಜೋಧಪುರದ ಕುದುರೆ ಪಡೆ, ಮೈಸೂರು ಲ್ಯಾನ್ಸರ್ಸ್ ಸೇರಿ ಹೈಫಾ ಗೆದ್ದರು. ಮೈಸೂರಿನವರ ಒಂದು ತುಕಡಿ ಕಾರ್ಮೆಲ್ ಬೆಟ್ಟ ಹತ್ತಿತ್ತು. ಅಜ್ಜಿ ಮನೆ ಅದೇ ಬೆಟ್ಟದ ಇಳಿಜಾರಲ್ಲಿ. ಕೆಳಗಡೆ ನಮ್ಮ ಸೈನಿಕರ ಸಮಾಧಿ ಇದೆ. ಒಂದು ಸಲ ಅಜ್ಜಿಯನ್ನೂ ಕರ್ಕೊಂಡು ಹೋಗಿದ್ದೆ. ಅವರು ಸಮಾಧಿಯ ಮೇಲೆ ಒಂದು ಕಲ್ಲಿಟ್ಟರು. ನಮ್ಮಲ್ಲಿ ಹೂವಿಟ್ಟ ಹಾಗೆ ಅವರಲ್ಲಿ ಕಲ್ಲು.

ಅತ್ತೆ: ಆ ಪಡೇಲಿ ಅರಸು ಮನೆತನದವರು ಬಹಳ ಜನ ಇದ್ದರು. ಕಳಲೆಯೋರು ದಳವಾಯಿಗಳ ಕಾಲದಿಂದಲೂ ಕತ್ತಿ ಹಿಡಿದ ಊರಿನವರು. ಅಷ್ಟು ದೂರ ಹೋಗಿದ್ದರು ಅಂತ ಶಾಲೇಲಿ ನಾನೂ ಪಾಠ ಮಾಡಿದ್ದೆ. ಅಲ್ಲಿ ನಮ್ಮೂರ ಹುಡುಗಿ ನಿಂತಿದ್ದಳು ಅಂತ ಈಗ ಗೊತ್ತಾಯ್ತು.

(ಸಂಜೆ ನಾಲ್ಕೂವರೆ. ಬೆಂದ ಕಣಕಕ್ಕೆ ಹೂರಣ ಸುರಿದು ಸಮ ಮಾಡಿದೆ. ಓವನ್ ಆರಿದೆ.)

ಸೊಸೆ: ಸೂರ್ಯ ಮುಳುಗೋಕೆ ಮುಂಚೆ ಮುಗೀಬೇಕು. ಹಬ್ಬ ಶುರುವಾದ ಮೇಲೆ ಹೊಸದಾಗಿ ಬೆಂಕಿ ಹೊತ್ತಿಸೋ ಹಾಗಿಲ್ಲ. 160 ಡಿಗ್ರಿ, ಐವತ್ತು ನಿಮಿಷ. ಆಮೇಲೆ ಬಾಗಿಲು ಸ್ವಲ್ಪ ತೆಗೆದು ಒಳಗೇ ಒಂದು ಗಂಟೆ ಬಿಡೋದು. ತಟ್ಟನೆ ತಣ್ಣಗಾದರೆ ಮೇಲ್ಭಾಗ ಸೀಳುತ್ತೆ. ಅತ್ತೆ, ಒಂದು ಮಾತು.

ಅತ್ತೆ: ಹೇಳು.

ಸೊಸೆ: ಇಲ್ಲಿ ಮಧ್ಯಾಹ್ನ ಬರೀ ಕಣಕ ಬೇಯಿಸೋಕೆ ನಾನೇ ಓವನ್ ಹಾಕಿದೆ. ಆಗಲೇ ಕೈ ತಡೀತು. ಈ ಕೇಕಿಗೆ ನಾನು ಯಾವತ್ತೂ ತಿರುಪು ಮುಟ್ಟಿದವಳಲ್ಲ. ನೀವು ತಿರುಗಿಸ್ತೀರಾ?

ಅತ್ತೆ: ನಾನು ಅವರ ಕುಲದವಳಲ್ಲವಲ್ಲೇ. ನಾನು ತಿರುಗಿಸಿದರೆ ಅವರ ನಿಯಮಕ್ಕೆ ಸರಿಹೋಗುತ್ತಾ?

ಸೊಸೆ: ಹೋಗಲ್ಲ. ಇದನ್ನ ಅವರ ಹಬ್ಬದ ಪಂಕ್ತಿಗೆ ಇಡೋಕಾಗಲ್ಲ, ಅದು ನನಗೆ ಗೊತ್ತು. ಆದರೂ ಹಿರೀಕರ ಕೈಯಲ್ಲಿ ಹೊತ್ತಿಸಿ ನನಗೆ ಅಭ್ಯಾಸ.

ಅತ್ತೆ: ಮೊಟ್ಟೆ ಇರೋ ಒಲೆ... ಇರಲಿ. ಯಾವ ಕಡೆಗೆ ತಿರುಗಿಸಬೇಕು?

ಸೊಸೆ: ಬಲಕ್ಕೆ. ನಿಧಾನ.

(ಸೋಮವಾರ ಬೆಳಿಗ್ಗೆ.)

ಅತ್ತೆ: ಸೀಳಿಲ್ಲ. ನಡುವೆ ಸ್ವಲ್ಪ ಕುಗ್ಗಿದೆ.

ಸೊಸೆ: ಕುಗ್ಗಬೇಕು. ಹಾಲಿನ ಚಾಕು ಕೊಡಿ. ಅಂದರೆ, ಹೊಸ ಚಾಕು. ಅಂಚು ನೋಡಿ ಅತ್ತೆ, ಹೇಗೆ ಎದ್ದಿದೆ. ಎಲೆ ಎಣಿಸಬಹುದು.

ಅತ್ತೆ: ಅಡಿ ತೋರಿಸು. ಇಲ್ಲಿ, ನಡುವೆ ಮೆತ್ತಗಾಗಿದೆ ನೋಡು. ರವೆ ಸಾಲಲಿಲ್ಲ. ಮೊಸರು ಇನ್ನೂ ಎರಡು ಗಂಟೆ ನೇತಾಡಬೇಕಿತ್ತು.

ಸೊಸೆ: ಹೌದು. ಅಜ್ಜಿಯೂ ಅಡಿಯನ್ನೇ ಮೊದಲು ನೋಡೋರು. ನಿಮ್ಮದು ಹೇಗಿದೆ?

ಅತ್ತೆ: ಗಿಣ್ಣಿಗಿಂತ ಹುಳಿ, ಶ್ರೀಖಂಡಕ್ಕಿಂತ ಗಟ್ಟಿ. ಚಿರೋಟಿ ಮೇಲೆ ಕೂತಿದೆ, ಜಾರಲ್ಲ. ಏಲಕ್ಕಿ ಹಾಕದೆ ಮಾಡಿದೆ, ನಿನ್ನ ಅಜ್ಜಿ ಹಾಕಲ್ಲ ಅಂದೆಯಲ್ಲ ಅಂತ. ಮುಂದಿನ ವರ್ಷ ಈ ಹಬ್ಬ ಯಾವತ್ತು?

ಸೊಸೆ: 2026ರ ಮೇ 21, ಗುರುವಾರ ಸಂಜೆಯಿಂದ.

ಅತ್ತೆ: ಮುಂದಿನ ವರ್ಷ ಅಧಿಕ ಜ್ಯೇಷ್ಠ ಬರುತ್ತೆ ಅಂತ ಜೋಯಿಸರು ಹೇಳ್ತಿದ್ದರು. ಹಾಗಾದರೆ ಅದೂ ಅಧಿಕದ ಷಷ್ಠಿ ಹತ್ತಿರವೇ. ಅಧಿಕ ಮಾಸಕ್ಕೆ 33 ಕಜ್ಜಾಯ ದಾನ ಕೊಡೋದೂ ಇರುತ್ತೆ, ಪಾಕದ ಕೆಲಸ ಆ ವಾರವೇ ಬೀಳುತ್ತೆ. ಮೇ ಬಿಸಿಲು ಬೇರೆ. ಬೆಣ್ಣೆ ಇನ್ನೂ ಬೇಗ ಕರಗುತ್ತೆ.

ಸೊಸೆ: ಮೂರೂವರೆಗೇ ಏಳಬೇಕು.

ಅತ್ತೆ: ನನ್ನನ್ನೂ ಎಬ್ಬಿಸು. ಎರಡು ಮಡಿಕೆ ನಾನು ಹಾಕ್ತೀನಿ.